ಬೊಮ್ಮನಹಳ್ಳಿಗೆ ಬಂದ ಬಿಸಿಲುಕೋಲು

ಡಿಸೆಂಬರಿನಲ್ಲಿ ರಾತ್ರಿ ಹನ್ನೊಂದರ ಮೇಲೆ ಬೊಮ್ಮನಹಳ್ಳಿಯ ಒಳಗಲ್ಲಿಗಳಲ್ಲಿ ನಡೆದು ನೋಡಿ, ಮೂಲೆ ಮೂಲೆಗೆ ಬೆಂಕಿ ಕಾಣುತ್ತದೆ. ವಾಚ್‌ಮನ್‌ಗಳು, ಆಟೋದವರು, ಪಾಳಿ ಮುಗಿಸಿ ಬಂದವರು ಹಾಕಿಕೊಂಡ ಬೆಂಕಿ. ಹಳ್ಳಿಯಲ್ಲಾದರೆ ಸೌದೆ, ತೆಂಗಿನ ಗರಿ ಉರಿಯುತ್ತದೆ. ನಮ್ಮಲ್ಲಿ ಉರಿಯುವುದು ರಟ್ಟಿನ ಡಬ್ಬ, ಗಾರ್ಮೆಂಟ್ಸಿನ ಚಿಂದಿ. ಹತ್ತಿಯ ಚಿಂದಿಯಾದರೆ ಹಳದಿಯಾಗಿ ನಿಂತು ಉರಿಯುತ್ತದೆ. ನಡುವೆ ಪಾಲಿಯೆಸ್ಟರ್ ಸೇರಿದ್ದರೆ ಕಪ್ಪು ಹೊಗೆ ಎದ್ದು ಎಲ್ಲರೂ ಮುಖ ತಿರುಗಿಸುತ್ತಾರೆ. ಬೆಂಕಿಯ ಸುತ್ತ ಕೂತವರ ಮುಖ ನೋಡುವುದು ನನ್ನ ಹಳೆಯ ಅಭ್ಯಾಸ. ಒಂದು ಕೆನ್ನೆ ಕಾಣುತ್ತದೆ, ಇನ್ನೊಂದು ಕತ್ತಲಿಗೆ ಸೇರಿರುತ್ತದೆ. ಮಾತಾಡುತ್ತಿದ್ದವನು ಸುಮ್ಮನಾಗಿ ಯೋಚನೆಗೆ ಬಿದ್ದದ್ದು ಆ ಬೆಳಕಿನಲ್ಲಿ ತಿಳಿದಷ್ಟು ಟ್ಯೂಬ್‌ಲೈಟಿನಲ್ಲಿ ತಿಳಿಯುವುದಿಲ್ಲ.

ಕಳೆದ ಚಳಿಗಾಲದಲ್ಲಿ ಅಂಥದೇ ಒಂದು ಬೆಂಕಿಯ ಪಕ್ಕ ಕೂತಿದ್ದೆ. ಬೇಗೂರು ರಸ್ತೆಯ ಒಂದು ಗಲ್ಲಿಯಲ್ಲಿ ಹುಡುಗರು ಕಿರುಚಿತ್ರ ತೆಗೆಯುತ್ತಿದ್ದರು. ಕ್ಯಾಮೆರಾ ಹಿಡಿದವನಿಗೆ ಇಪ್ಪತ್ತಮೂರು ವರ್ಷ. ಕೈಯಿಂದ ದುಡ್ಡು ಹಾಕಿ ಎರಡು ಎಲ್‌ಇಡಿ ಲೈಟು ಬಾಡಿಗೆಗೆ ತಂದಿದ್ದ. ಜನರೇಟರ್ ಕೈ ಕೊಟ್ಟಿತು. ಮೆಕ್ಯಾನಿಕ್ ಬರುವುದು ಬೆಳಿಗ್ಗೆಯೇ. ಹುಡುಗ ಅಳುವುದೊಂದು ಬಾಕಿ. "ಅಣ್ಣಾ, ಲೈಟೇ ಇಲ್ಲ ಅಂದ್ಮೇಲೆ ಏನಂತ ತೆಗೀಲಿ?" ಅಂದ. "ಬಾ, ಕೂತ್ಕೋ, ಕೈ ಕಾಯಿಸ್ಕೋ" ಅಂದೆ. ಆಗ ಅವನಿಗೆ ಹೇಳಿದ್ದು ಈ ಕತೆ.

2010ರ ಜನವರಿ. ನನಗೆ ಹತ್ತೊಂಬತ್ತು. ಬೊಮ್ಮನಹಳ್ಳಿ ನಗರಸಭೆ ಬಿಬಿಎಂಪಿಗೆ ಸೇರಿ ಮೂರನೇ ವರ್ಷ. ಹೊಸೂರು ರಸ್ತೆಯ ಮೇಲೆ ಎಲೆಕ್ಟ್ರಾನಿಕ್ ಸಿಟಿಗೆ ಹೋಗುವ ಸುಮಾರು 10 ಕಿಲೋಮೀಟರಿನ ಎತ್ತರದ ರಸ್ತೆ ವರ್ಷಗಟ್ಟಲೆ ಕಟ್ಟಿ ಕಟ್ಟಿ ಆ ತಿಂಗಳು ತೆರೆಯಿತು. ಕಾರಿನವರು ಮೇಲೆ ಹೋದರು. ಕೆಳಗೆ ನಮಗೆ ಉಳಿದದ್ದು ಕಂಬಗಳ ನೆರಳು, ಬಸ್ಸು, ಧೂಳು. ಬೆಳಿಗ್ಗೆ ಎಂಟಕ್ಕೆ ಗಾರ್ಮೆಂಟ್ಸ್ ಹೆಂಗಸರ ಸಾಲು ರಸ್ತೆ ದಾಟುವಾಗ ಸಂಜೆಯಂಥ ಮಬ್ಬು. ನಮ್ಮಮ್ಮನೂ ಆ ಸಾಲಿನಲ್ಲಿದ್ದವರೇ. ಮಳವಳ್ಳಿ ಕಡೆಯಿಂದ ಬಂದು ಹದಿನಾಲ್ಕು ವರ್ಷ ಮೆಷಿನ್ ತುಳಿದಿದ್ದರು. ದೊಡ್ಡ ಫ್ಯಾಕ್ಟರಿ ಬಿಟ್ಟು ಆ ಹೊತ್ತಿಗೆ ಮನೆ ಹತ್ತಿರದ ಸಣ್ಣ ಜಾಬ್ ವರ್ಕ್ ಶೆಡ್ಡಿಗೆ ಹೋಗುತ್ತಿದ್ದರು. ಹನ್ನೆರಡು ಮೆಷಿನ್, ಶೀಟಿನ ಮಾಡು, ಉತ್ತರಕ್ಕೆ ಬಾಗಿಲು.

ನಾನು ಒಂದು ವಿಡಿಯೋ ಸ್ಟುಡಿಯೋದಲ್ಲಿ ಲೈಟ್ ಬಾಯ್. ಮದುವೆ, ನಾಮಕರಣ, ಆರತಕ್ಷತೆಗಳಲ್ಲಿ ಸನ್‌ಗನ್ ಹಿಡಿಯುವುದು ಕೆಲಸ. ಸನ್‌ಗನ್ ಅಂದರೆ 1000 ವ್ಯಾಟಿನ ಹ್ಯಾಲೊಜನ್ ದೀಪ, ಹಿಡಿಗೆ ಉದ್ದನೆ ವೈರು. ಕ್ಯಾಮೆರಾದ ಪಕ್ಕದಲ್ಲೇ ನಿಂತು ನೇರ ಮುಖಕ್ಕೆ ಬಿಡಬೇಕು. ಬಿಟ್ಟ ತಕ್ಷಣ ಮದುಮಗಳು ಕಣ್ಣು ಕಿರಿದು ಮಾಡುತ್ತಾಳೆ, ಹಣೆಯ ಮೇಲೆ ಬೆವರು ಮೂಡುತ್ತದೆ, ಮೂಗು ಕೆನ್ನೆ ಎಲ್ಲ ಸಪಾಟಾಗಿ ಸುಣ್ಣದ ಗೋಡೆ ಆಗುತ್ತದೆ. ನೂರಾರು ಮದುವೆಗಳಲ್ಲಿ ಸಾವಿರಾರು ಜನರ ಮುಖದ ಮೇಲೆ ನಾನೇ ಆ ಸುಣ್ಣ ಬಳಿದಿದ್ದೇನೆ. ಬೆಳಕು ಅಂದರೆ ಅಷ್ಟೇ ಅಂದುಕೊಂಡಿದ್ದೆ. ಕತ್ತಲು ಇದ್ದರೆ ಗಿರಾಕಿ ಬೈಯುತ್ತಾರೆ, ಇಲ್ಲದಿದ್ದರೆ ದುಡ್ಡು ಕೊಡುತ್ತಾರೆ.

ಸ್ಟುಡಿಯೋ ನಡೆಸುತ್ತಿದ್ದವರನ್ನು ನಾವೆಲ್ಲ ಅಣ್ಣ ಅನ್ನುತ್ತಿದ್ದೆವು. ಓದಿದ್ದು ಹತ್ತನೇ ಕ್ಲಾಸು. ಆದರೆ ಪೇಪರನ್ನು ಮೊದಲ ಸಾಲಿನಿಂದ ಕೊನೆಯ ಟೆಂಡರ್ ಜಾಹೀರಾತಿನವರೆಗೆ ಓದುವವರು. ಆ ಜನವರಿಯಲ್ಲಿ ಒಂದು ಬೆಳಿಗ್ಗೆ ಟೀ ಅಂಗಡಿಯಲ್ಲಿ ಪೇಪರ್ ಮಡಚಿ ನನ್ನ ಮುಂದೆ ಇಟ್ಟರು. "ನೋಡೋ, ನಮ್ಮೋರಿಗೆ ಬಂತು" ಅಂದರು. ವಿ.ಕೆ. ಮೂರ್ತಿ ಅವರಿಗೆ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ. ಕ್ಯಾಮೆರಾ ಹಿಡಿದವರೊಬ್ಬರಿಗೆ ಫಾಲ್ಕೆ ಬಂದದ್ದು ಅದೇ ಮೊದಲು. ನಾನು ಆ ಹೆಸರು ಕೇಳಿಯೇ ಇರಲಿಲ್ಲ. ಅಣ್ಣನಿಗೆ ನಂಬಲಾಗಲಿಲ್ಲ. ಟೀ ಆರಿಹೋಗುವ ತನಕ ಹೇಳಿದರು.

ಮೂರ್ತಿಯವರು ಮೈಸೂರಿನವರು, ಹುಟ್ಟಿದ್ದು 1923ರಲ್ಲಿ. ಪಿಟೀಲು ನುಡಿಸುತ್ತಿದ್ದರು. ಸ್ವಾತಂತ್ರ್ಯ ಚಳವಳಿಯಲ್ಲಿ ಜೈಲು ಕಂಡಿದ್ದರು. ಬೆಂಗಳೂರಿನ ಕೆ.ಆರ್. ವೃತ್ತದ ಹತ್ತಿರ ಇದೆಯಲ್ಲ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್, ನಾವೆಲ್ಲ ಎಸ್‌ಜೆಪಿ ಅನ್ನುವುದು, ಅಲ್ಲಿ ಛಾಯಾಗ್ರಹಣ ಓದಿ 1946ರಲ್ಲಿ ಡಿಪ್ಲೊಮಾ ಪಡೆದು ಮುಂಬಯಿಗೆ ಹೋದರು. ಫಾಲಿ ಮಿಸ್ತ್ರಿಯಂಥ ದೊಡ್ಡ ಕ್ಯಾಮೆರಾಮನ್ ಕೈಕೆಳಗೆ ದುಡಿದರು. 1951ರಲ್ಲಿ 'ಬಾಜಿ' ಚಿತ್ರಕ್ಕೆ ವಿ. ರಾತ್ರಾ ಕ್ಯಾಮೆರಾಮನ್, ಮೂರ್ತಿ ಅವರ ಸಹಾಯಕ. ಒಂದು ಹಾಡಿನಲ್ಲಿ ಕನ್ನಡಿಯ ಬಿಂಬದಿಂದ ಶುರುವಾಗಿ ಕ್ಯಾಮೆರಾ ಹಿಂದೆ ಸರಿಯುತ್ತ ಹೋಗುವ ಕಷ್ಟದ ಶಾಟ್ ಒಂದನ್ನು ಮೂರ್ತಿ ಸೂಚಿಸಿದರು. ನಿರ್ದೇಶಕನಿಗೆ ಅದು ಆಗುತ್ತದೆ ಅನ್ನುವ ನಂಬಿಕೆ ಇರಲಿಲ್ಲ. ಮೂರ್ತಿ ಮಾಡಿ ತೋರಿಸಿದರು. ಅವತ್ತಿನ ಕೆಲಸ ಮುಗಿದ ಮೇಲೆ ಆ ನಿರ್ದೇಶಕ ಕರೆದು, ಇನ್ನು ಮುಂದೆ ನನ್ನ ಜೊತೆಯಲ್ಲೇ ಕೆಲಸ ಮಾಡಿ ಅಂದ. ಆ ನಿರ್ದೇಶಕ ಗುರುದತ್. ಅವನು ಹುಟ್ಟಿದ್ದು ಬೆಂಗಳೂರಿನಲ್ಲಿ, 1925ರಲ್ಲಿ, ಪಡುಕೋಣೆ ಮನೆತನದಲ್ಲಿ. ಇಬ್ಬರೂ ಇನ್ನೂ ಮೂವತ್ತರೊಳಗಿನವರು. ಮರುವರ್ಷ 'ಜಾಲ್' ಚಿತ್ರಕ್ಕೆ ಮೂರ್ತಿಯೇ ಕ್ಯಾಮೆರಾಮನ್.

ಆಮೇಲೆ 'ಪ್ಯಾಸಾ'. 1959ರಲ್ಲಿ 'ಕಾಗಜ್ ಕೆ ಫೂಲ್', ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಆ ಚಿತ್ರ ಓಡಲಿಲ್ಲ. ಗುರುದತ್ ಮನಸ್ಸು ಮುರಿದು, ಮುಂದೆ ತನ್ನ ಹೆಸರಿನಲ್ಲಿ ಯಾವ ಚಿತ್ರವನ್ನೂ ನಿರ್ದೇಶಿಸಲಿಲ್ಲ. ಆದರೆ ಅದರಲ್ಲಿ ಒಂದು ಹಾಡಿದೆ. ದೊಡ್ಡ ಖಾಲಿ ಸ್ಟುಡಿಯೋ, ನಾಯಕಿ ಒಂದು ಕಡೆ, ನಾಯಕ ಒಂದು ಕಡೆ, ಮೇಲಿನಿಂದ ಇಬ್ಬರ ನಡುವೆ ಇಳಿಯುವ ಒಂದೇ ಒಂದು ಬಿಸಿಲುಕೋಲು. ಅಂಥ ಕೋಲು ಸ್ಟುಡಿಯೋ ದೀಪದಲ್ಲಿ ಆಗುವುದಿಲ್ಲ. ದೀಪದ ಬೆಳಕು ದೂರ ಹೋದಷ್ಟೂ ಛತ್ರಿಯ ಹಾಗೆ ಬಿಚ್ಚಿಕೊಳ್ಳುತ್ತದೆ. ಸೂರ್ಯನ ಬೆಳಕು ಅಷ್ಟು ದೂರದಿಂದ ಬರುವುದರಿಂದ ಬಹುಮಟ್ಟಿಗೆ ನೇರ ನೇರ ಬರುತ್ತದೆ, ಅಂಚು ಗೆರೆ ಹಾಕಿದ ಹಾಗೆ ಇರುತ್ತದೆ. ಮೂರ್ತಿ ಎರಡು ದೊಡ್ಡ ಕನ್ನಡಿ ತರಿಸಿದರು. ಒಂದು ಹೊರಗೆ ಬಿಸಿಲಿಗೆ, ಇನ್ನೊಂದು ಒಳಗೆ ಎತ್ತರದಲ್ಲಿ. ಹೊರಗಿನದು ಬಿಸಿಲನ್ನು ಹಿಡಿದು ಒಳಗಿನದಕ್ಕೆ ಕೊಟ್ಟಿತು, ಒಳಗಿನದು ಅದನ್ನು ಕೆಳಗೆ ಇಳಿಸಿತು. ಆ ವರ್ಷದ ಫಿಲ್ಮ್‌ಫೇರ್ ಪ್ರಶಸ್ತಿ ಅವರಿಗೇ ಬಂತು.

ಅಣ್ಣ ಗ್ಲಾಸು ಕೆಳಗಿಟ್ಟು, "ಎರಡು ಕನ್ನಡಿ ಕಣೋ" ಅಂದರು. "ನಿನ್ ಸನ್‌ಗನ್‌ಗೆ ಒಂದ್ ಬಲ್ಬ್ ಹೋದ್ರೆ ಎಷ್ಟು ಹೇಳು?"

ಆ ಭಾನುವಾರ ಶೆಡ್ಡಿನಲ್ಲಿ ಒಂದು ಕೆಲಸ ಇತ್ತು. ಅಲ್ಲಿನ ಕಟಿಂಗ್ ಮಾಸ್ಟರ್ ಧರ್ಮಪುರಿ ಕಡೆಯವರು. ಮೂವತ್ತು ವರ್ಷ ಬೆಂಗಳೂರಲ್ಲಿ ಬಟ್ಟೆ ಕತ್ತರಿಸಿ, ಕಣ್ಣು ಸರಿಯಾಗಿ ಕಾಣದೆ ಊರಿಗೆ ಹೊರಟಿದ್ದರು. ಅವರ ಮಗಳಿಗೆ ಅಪ್ಪ ಕೆಲಸ ಮಾಡುವುದನ್ನು ವಿಡಿಯೋ ಮಾಡಿಸಬೇಕು ಅಂತ ಆಸೆ. ಎಂಟುನೂರು ರೂಪಾಯಿಗೆ ಒಪ್ಪಂದ. ಮಾಸ್ಟರ್ ಕೊನೆಯ ಲೇ (ಪದರ ಪದರವಾಗಿ ಹಾಸಿದ ಬಟ್ಟೆ) ಕತ್ತರಿಸುವುದು, ಹೆಂಗಸರು ಕೆಲವರು ಮೆಷಿನ್ ಮೇಲೆ ಕೂತಿರುವುದು, ಆಮೇಲೆ ಎಲ್ಲರಿಗೂ ಕೇಸರಿಬಾತ್. ನಾವು ಹತ್ತೂವರೆಗೆ ಹೋದೆವು. ಐದು ನಿಮಿಷಕ್ಕೆ ಕರೆಂಟು ಹೋಯಿತು. ಭಾನುವಾರದ ರಿಪೇರಿ, ಸಂಜೆ ತನಕ ಬರುವುದಿಲ್ಲ ಅಂತ ಯಾರೋ ಹೇಳಿದರು. ಮಾಸ್ಟರಿಗೆ ಮಧ್ಯಾಹ್ನ ಬಸ್ಸು.

ಕ್ಯಾಮೆರಾಗೆ ತೊಂದರೆ ಇರಲಿಲ್ಲ, ನಮ್ಮ ಸೋನಿ ಪಿಡಿ 170 ಬ್ಯಾಟರಿಯಲ್ಲಿ ಓಡುತ್ತಿತ್ತು. ಆದರೆ ಶೆಡ್ಡಿನೊಳಗೆ ಬಾಗಿಲಿಂದ ಆರಡಿ ದಾಟಿದರೆ ಏನೂ ಇಲ್ಲ. ಕಟಿಂಗ್ ಟೇಬಲ್ ಇದ್ದದ್ದು ಇನ್ನೂ ಇಪ್ಪತ್ತು ಅಡಿ ಒಳಗೆ. ಸನ್‌ಗನ್ ನನ್ನ ಕೈಯಲ್ಲಿ ಸತ್ತುಬಿದ್ದ ಹಾಗೆ ಇತ್ತು. ಅಣ್ಣ ಗಲ್ಲಿಗೆ ಬಂದು ನಿಂತರು. ಶೆಡ್ಡಿನ ನೆರಳು ಅರ್ಧ ಗಲ್ಲಿ ತುಂಬಿತ್ತು. ಎದುರಿನ ಕಾಂಪೌಂಡ್ ಗೋಡೆಯ ಮೇಲೆ ಮಾತ್ರ ಜನವರಿಯ ಬಿಸಿಲು ಚೆನ್ನಾಗಿ ಕೂತಿತ್ತು. ಅವರು ಅದನ್ನೇ ನೋಡುತ್ತ ನಿಂತದ್ದು ಈಗಲೂ ಕಣ್ಣಿಗೆ ಕಟ್ಟಿದಂತಿದೆ. ಆಮೇಲೆ ನನ್ನ ಕಡೆ ತಿರುಗಿ, "ಕನ್ನಡಿ ತಗೊಂಬಾ" ಅಂದರು.

ಪಕ್ಕದ ಸಲೂನಿನವರು ಭಾನುವಾರದ ಗಿರಾಕಿಗಳನ್ನು ಬಿಟ್ಟು ನಾಲ್ಕಡಿ ಕನ್ನಡಿ ಬಿಚ್ಚಿ ಕೊಟ್ಟರು. ಹಾಗೆ ಕೊಡುವ ಜನ ಆಗಲೂ ಇದ್ದರು, ಈಗಲೂ ಇದ್ದಾರೆ. ಎರಡನೆಯದು ಎಲ್ಲಿ? ನಮ್ಮಮ್ಮ ಮೆಷಿನ್ನಿಂದ ಎದ್ದು, "ನಮ್ಮನೇದು ತಂದ್ಬುಡು ಮಗ, ಮೊಳೆ ಸಮೇತ ಕೀಳ್ಬೇಡ" ಅಂದರು. ಮರದ ಚೌಕಟ್ಟಿನ ಕನ್ನಡಿ, ಅವರ ಮದುವೆಯಲ್ಲಿ ತವರಿನವರು ಕೊಟ್ಟದ್ದು. ಓಡಿಹೋಗಿ ಎದೆಗೆ ಅವಚಿಕೊಂಡು ತಂದೆ.

ಸಲೂನ್ ಕನ್ನಡಿಯನ್ನು ಕಾಂಪೌಂಡ್ ಗೋಡೆಗೆ ಒರಗಿಸಿ ನಾನು ಹಿಡಿದೆ. ಅಮ್ಮನ ಕನ್ನಡಿಯನ್ನು ಶೆಡ್ಡಿನೊಳಗೆ ಬಟ್ಟೆ ಥಾನು ಇಡುವ ರ‍್ಯಾಕಿನ ನೆತ್ತಿಗೆ ಕಟ್ಟಿ ಅಣ್ಣ ಬಗ್ಗಿಸಿದರು. "ಎಡಕ್ಕೆ... ಸ್ವಲ್ಪ... ಇನ್ನೂ ಸ್ವಲ್ಪ... ಸಾಕು, ಉಸಿರು ಬಿಡಬೇಡ."

ಬಂತು.

ಹೇಗೆ ಹೇಳಲಿ ಅದನ್ನು? ಶೆಡ್ಡಿನ ಗಾಳಿಯಲ್ಲಿ ಸದಾ ಹತ್ತಿಯ ಧೂಳು ತೇಲುತ್ತಿರುತ್ತದೆ. ಅಮ್ಮ ದಿನಾ ಸಂಜೆ ಮನೆಗೆ ಬಂದಾಗ ರೆಪ್ಪೆಯ ಮೇಲೆ, ಕಿವಿಯ ಹಿಂದಿನ ಕೂದಲಿನ ಮೇಲೆ ಬಿಳಿಯಾಗಿ ಕೂತಿರುತ್ತಿದ್ದದ್ದು ಅದೇ. ಕೆಮ್ಮಿಗೆ ಕಾರಣವೂ ಅದೇ. ಸಿನಿಮಾದವರು ಬೆಳಕಿನ ಕೋಲು ಕಾಣಲಿ ಅಂತ ಹೊಗೆ ಹಾಕುತ್ತಾರೆ; ನಮಗೆ ಹೊಗೆ ಬೇಕಾಗಲಿಲ್ಲ. ಆ ಧೂಳು ಒಂದೊಂದು ಎಳೆಯೂ ಹೊತ್ತಿಕೊಂಡಿತು. ರ‍್ಯಾಕಿನ ನೆತ್ತಿಯಿಂದ ಟೇಬಲ್ಲಿನ ತನಕ ಓರೆಯಾಗಿ, ಕೈಯಲ್ಲಿ ಹಿಡಿಯಬಹುದೇನೋ ಅನ್ನುವಷ್ಟು ಗಟ್ಟಿಯಾಗಿ ಒಂದು ಬಿಸಿಲುಕೋಲು ಇಳಿದಿತ್ತು. ಮೆಷಿನ್ ಮೇಲಿದ್ದ ಹೆಂಗಸರು ಕಾಲು ತೆಗೆದರು. ಒಂದು ಕ್ಷಣ ಯಾರೂ ಮಾತಾಡಲಿಲ್ಲ.

ಮಾಸ್ಟರ್ ಆ ಬೆಳಕಿಗೆ ಬಂದರು. ಬಿಳಿ ಬನಿಯನ್ ಬಟ್ಟೆಯ ಲೇ ಮೇಲೆ ಅಂಗೈಯಿಂದ ಒಂದು ಸಲ ಸವರಿದರು. ನೀಲಿ ಸೀಮೆಸುಣ್ಣದ ಗೆರೆ, ಅದರ ಮೇಲೆ ಕತ್ತರಿ. ಬಿಸಿಲು ಬಟ್ಟೆಗೆ ಬಿದ್ದು ಅಲ್ಲಿಂದ ಮೇಲಕ್ಕೆ ಚಿಮ್ಮಿ ಅವರ ಗಲ್ಲವನ್ನು, ಮೂಗಿನ ಕೆಳಭಾಗವನ್ನು ತೊಳೆದ ಹಾಗೆ ಮಾಡಿತ್ತು. ಹಣೆ ಅರ್ಧ ಕತ್ತಲಲ್ಲಿತ್ತು. ಮೂವತ್ತು ವರ್ಷ ಬಗ್ಗಿ ಬಗ್ಗಿ ಅವರ ಬೆನ್ನು ಆ ಟೇಬಲ್ಲಿನ ಎತ್ತರಕ್ಕೆ ಹೊಂದಿಕೊಂಡುಬಿಟ್ಟಿದೆ ಅನ್ನುವುದನ್ನು ನಾನು ಅವತ್ತು ಮೊದಲು ನೋಡಿದೆ. ಸನ್‌ಗನ್ ಬಿಟ್ಟಿದ್ದರೆ ಅದು ಕಾಣುತ್ತಿರಲಿಲ್ಲ. ಅಣ್ಣ ಕ್ಯಾಮೆರಾ ಹತ್ತಿರ ಒಯ್ಯಲಿಲ್ಲ. ದೂರದಲ್ಲೇ ನಿಂತು ಜೂಮ್ ಎಳೆದು ಮುಖ ಹಿಡಿದರು. ಗುರುದತ್ ಚಿತ್ರಗಳಲ್ಲೂ ಮುಖಗಳಿಗೆ 75, 100 ಎಂ.ಎಂ ಲೆನ್ಸ್ ಬಳಸಿದ್ದು ಹೀಗೇ, ದೂರ ನಿಂತು ಹತ್ತಿರ ಕರೆಯುವುದು. ಅದನ್ನು ನಾನು ಓದಿ ತಿಳಿದದ್ದು ಎಷ್ಟೋ ವರ್ಷದ ಮೇಲೆ.

ಸೂರ್ಯ ಮಾತ್ರ ನಿಲ್ಲುವುದಿಲ್ಲವಲ್ಲ. ನಾಲ್ಕು ನಿಮಿಷಕ್ಕೆ ಒಂದು ಡಿಗ್ರಿ ಸರಿಯುತ್ತಾನೆ. ಕನ್ನಡಿ ಅಲ್ಲಾಡದೆ ನಿಂತರೂ ಮೂವತ್ತು ಅಡಿ ಆಚೆಗೆ ಬೆಳಕು ಅರ್ಧ ಅಡಿ ಜಾರಿರುತ್ತದೆ. ಗಲ್ಲಿಯಲ್ಲಿ ಕೂತು, ಒಳಗೆ ಏನಾಗುತ್ತಿದೆ ಅಂತ ಸರಿಯಾಗಿ ಕಾಣದೆ, ಅಣ್ಣನ ಕೂಗು ಕೇಳಿ ಕೇಳಿ ಕನ್ನಡಿಯನ್ನು ಕೂದಲೆಳೆಯಷ್ಟು ತಿರುಗಿಸುತ್ತಿದ್ದೆ. ಕೈ ನಡುಗಿದರೆ ಒಳಗೆ ಇಡೀ ಬಿಸಿಲುಕೋಲು ನಡುಗುತ್ತಿತ್ತು. ಮೂರ್ತಿಯವರ ಕನ್ನಡಿಯನ್ನು ಹಿಡಿದವರು ಯಾರೋ, ಅವರ ಹೆಸರು ಯಾವ ಪುಸ್ತಕದಲ್ಲೂ ನನಗೆ ಸಿಕ್ಕಿಲ್ಲ. ಆ ಹಾಡು ನೋಡಿದಾಗಲೆಲ್ಲ ನನಗೆ ಅವರ ಮೊಣಕೈ ನೆನಪಾಗುತ್ತದೆ.

ನಡುವೆ ಒಮ್ಮೆ ಒಳಗೆ ಇಣುಕಿದೆ. ಅಮ್ಮ ಕೂತಿದ್ದದ್ದು ಹಿಂದಿನ ಸಾಲಿನಲ್ಲಿ, ಪೂರಾ ಕತ್ತಲು. "ಅಣ್ಣಾ, ಅಮ್ಮ ಕಾಣಲ್ಲ, ಸ್ವಲ್ಪ ಆ ಕಡೆಗೂ ಬಿಡಲಾ?" ಅಂದೆ. "ಬೇಡ" ಅಂದರು. ನನಗೆ ಸಿಟ್ಟು ಬಂತು. ಅಮ್ಮನ ಕನ್ನಡಿ ಬೇಕು, ಅಮ್ಮ ಬೇಡವಾ? ಸಂಜೆ ಅವರು ವಿವರಿಸಿದರು. ಗುರುದತ್ ನಿರ್ಮಿಸಿದ, ಅಬ್ರಾರ್ ಅಲ್ವಿ ನಿರ್ದೇಶಿಸಿದ 1962ರ 'ಸಾಹಿಬ್ ಬೀಬಿ ಔರ್ ಗುಲಾಮ್'ನಲ್ಲಿ ಒಂದು ಮುಜ್ರಾ ಇದೆ. ನಡುವೆ ಕುಣಿಯುವವಳಿಗೆ ಮಾತ್ರ ಬೆಳಕು. ಸುತ್ತ ಕುಣಿಯುವ ಹೆಂಗಸರೆಲ್ಲ ಬರೀ ನೆರಳು, ಒಬ್ಬರ ಮುಖವೂ ಕಾಣುವುದಿಲ್ಲ. ಮುಖ ಕಾಣದೆಯೇ ಆ ಹಾಡು ಮೈ ತುಂಬಿಕೊಂಡಿದೆ. ಆ ಚಿತ್ರಕ್ಕೂ ಮೂರ್ತಿಯವರಿಗೆ ಫಿಲ್ಮ್‌ಫೇರ್ ಬಂತು. "ಹಿಂದೆ ಕತ್ತಲು ಇರೋದಕ್ಕೇ ಮಾಸ್ಟರ್ ಕಾಣ್ತಾರೆ. ಆ ಕತ್ತಲಲ್ಲಿ ಜನ ಇದ್ದಾರೆ ಅಂತ ಗೊತ್ತಾಗ್ಬೇಕು, ಅಷ್ಟೇ" ಅಂದರು ಅಣ್ಣ. ಟೇಪು ಹಾಕಿ ತೋರಿಸಿದರು. ನಿಜ. ಹಿಂದಿನ ಕತ್ತಲಲ್ಲಿ ತಲೆಗಳ ಅಂಚು, ಬಗ್ಗಿದ ಕತ್ತು, ಒಂದು ಕಡೆ ಬಟ್ಟೆ ಎಳೆಯುವ ಕೈಯ ಬಳೆ ಒಂದು ಸಲ ಮಿನುಗಿ ಆರುತ್ತದೆ. ಅಮ್ಮ ನೋಡಿ, "ಅದೇ ನಾನು" ಅಂದರು. ಅವರಿಗೆ ಬೇಸರ ಆಗಿರಲಿಲ್ಲ.

ನಮ್ಮ ಕೈಗೆ ಸಿಕ್ಕದ್ದು ಹನ್ನೊಂದು ನಿಮಿಷ. ಆಮೇಲೆ ಬಿಸಿಲು ಗೋಡೆ ಬಿಟ್ಟಿತು. ಮಾಸ್ಟರ್ ಕೇಸರಿಬಾತ್ ತಿಂದು, ಕತ್ತರಿಯನ್ನು ಟವೆಲ್ಲಿನಲ್ಲಿ ಸುತ್ತಿಕೊಂಡು ಬಸ್ಸು ಹತ್ತಿದರು.

ನಾನು ಸನ್‌ಗನ್ ಹಿಡಿಯುವುದನ್ನು ಬಿಟ್ಟದ್ದು ಅದೇ ವರ್ಷ. ಆಮೇಲೆ ನೋಡನೋಡುತ್ತ ಕ್ಯಾನನ್ 5ಡಿಯಂಥ ಕ್ಯಾಮೆರಾಗಳು ಮದುವೆ ಮನೆಗಳಿಗೂ ಬಂದವು, ಕಡಿಮೆ ಬೆಳಕಿನಲ್ಲೂ ಚಿತ್ರ ಮೂಡತೊಡಗಿತು. ಫೋಕಸ್ ಎಳೆಯುವುದರಿಂದ ಶುರುಮಾಡಿ ಇವತ್ತು ಕ್ಯಾಮೆರಾವೇ ನನಗೆ ಅನ್ನ. ಮೂರ್ತಿಯವರನ್ನು ಒಮ್ಮೆ ಹೋಗಿ ನೋಡಬೇಕು, ಈ ಕತೆ ಹೇಳಬೇಕು ಅಂದುಕೊಂಡಿದ್ದೆ. ಅವರಿದ್ದದ್ದು ಶಂಕರಪುರಂನಲ್ಲಿ, ನಮ್ಮಲ್ಲಿಂದ ಎರಡು ಬಸ್ಸು. ಹೋಗಲಿಲ್ಲ. 2014ರ ಏಪ್ರಿಲ್ 7ರಂದು ತೀರಿಕೊಂಡರು, ತೊಂಬತ್ತು ವರ್ಷ. ಕನ್ನಡದಲ್ಲಿ ಅವರ ಕೆಲಸ ನೋಡಬೇಕೆಂದರೆ 1993ರ 'ಹೂವು ಹಣ್ಣು' ಇದೆ, ತ್ರಿವೇಣಿಯವರ ಕಾದಂಬರಿ, ರಾಜೇಂದ್ರಸಿಂಗ್ ಬಾಬು ನಿರ್ದೇಶನ. ಎಪ್ಪತ್ತರ ಹತ್ತಿರ ಬಂದವರು ತಾಯ್ನುಡಿಯ ಒಂದು ಚಿತ್ರಕ್ಕೆ ಕ್ಯಾಮೆರಾ ಹಿಡಿದದ್ದು.

ಈಗಿನವರ ಬಗ್ಗೆಯೂ ಆ ಹುಡುಗನಿಗೆ ಹೇಳಿದೆ, ಹಳಬರ ಹೊಗಳಿಕೆ ಅಷ್ಟೇ ಅಂದುಕೊಳ್ಳಬಾರದಲ್ಲ. ನಟೇಶ್ ಹೆಗಡೆಯವರ 'ಪೆಡ್ರೊ' 2021ರಲ್ಲಿ ಬೂಸಾನ್ ಚಿತ್ರೋತ್ಸವಕ್ಕೆ ಹೋಯಿತು. ಕ್ಯಾಮೆರಾ ವಿಕಾಸ್ ಅರಸ್ ಅವರದು. ಪೆಡ್ರೊ ಉತ್ತರ ಕನ್ನಡದ ಹಳ್ಳಿಯೊಂದರ ಎಲೆಕ್ಟ್ರಿಷಿಯನ್, ಊರ ಮನೆಗಳ ದೀಪ ನೋಡಿಕೊಳ್ಳುವವನು. ವಿಕಾಸ್ ಅವನನ್ನು ಮಳೆಗಾಲದ ಮಂಕು ಬೆಳಕಿನಲ್ಲಿ, ದೂರದಿಂದ, ಅವಸರವಿಲ್ಲದೆ ನೋಡುತ್ತಾರೆ, ಕತ್ತಲೆಗೆ ಹೆದರುವುದಿಲ್ಲ. ಮರುವರ್ಷ ಬೂಸಾನಿನಲ್ಲಿ ಪ್ರಶಸ್ತಿ ಗೆದ್ದ 'ಶಿವಮ್ಮ'ನಿಗೆ ಸೌಮ್ಯಾನಂದ ಸಾಹಿ ಜೊತೆ ಅವರೂ ಕ್ಯಾಮೆರಾ ಹಿಡಿದರು. ಅದು ಕೊಪ್ಪಳ ಸೀಮೆಯ ಬಿಸಿಲು, 'ಪೆಡ್ರೊ'ನ ಮಳೆಗಾಲದ ಬೆಳಕಿಗಿಂತ ಪೂರಾ ಬೇರೆ. 2025ರಲ್ಲಿ ಬರ್ಲಿನ್ ಚಿತ್ರೋತ್ಸವದ ಫೋರಂ ವಿಭಾಗಕ್ಕೆ ಹೋದ 'ವಾಘಾಚಿಪಾಣಿ'ಯನ್ನು 16 ಎಂ.ಎಂ ಫಿಲ್ಮಿನಲ್ಲಿ ತೆಗೆದರು. ಫಿಲ್ಮಿನಲ್ಲಿ ತೆಗೆಯುವಾಗ ಒಂದೊಂದು ಅಡಿಗೂ ದುಡ್ಡು; ಬೆಳಕನ್ನು ಮೊದಲೇ ಕಣ್ಣಲ್ಲಿ ಅಳೆದುಕೊಂಡಿರಬೇಕು. ಎಸ್‌ಜೆಪಿಯಿಂದ ಹೊರಟ ಆ ಹಳೆಯ ಗುಣ ಇನ್ನೂ ಹರಿಯುತ್ತಿದೆ ಅಂತ ನಾನು ನಂಬಿದ್ದೇನೆ.

ಹುಡುಗ ಕೇಳಿಸಿಕೊಂಡ. ಸ್ವಲ್ಪ ಹೊತ್ತು ಬೆಂಕಿಯನ್ನೇ ನೋಡಿದ. ಆಮೇಲೆ ಎದ್ದು ನಟನನ್ನು ಕರೆದು ಬೆಂಕಿಯ ಎಡಕ್ಕೆ ಕೂರಿಸಿದ. ಚಿಂದಿಯಲ್ಲಿ ಪಾಲಿಯೆಸ್ಟರ್ ಆರಿಸಿ ಆಚೆ ಹಾಕಿಸಿ, ಹತ್ತಿಯದನ್ನು ಮಾತ್ರ ಉಳಿಸಿಕೊಂಡ. ಬಿಳಿ ಬಟ್ಟೆಯ ತುಂಡೊಂದನ್ನು ಕ್ಯಾಮೆರಾದ ಈಚೆಗೆ ಹಿಡಿಸಿ ನೆರಳಿನ ಕೆನ್ನೆಗೆ ಚೂರೇ ಚೂರು ಬೆಳಕು ತಿರುಗಿಸಿದ. ಅದನ್ನು ನಾನು ಹೇಳಿಕೊಟ್ಟಿರಲಿಲ್ಲ. ಬೆಳಿಗ್ಗೆ ಮೊದಲ ಮೆಟ್ರೊ ಓಡುವ ಹೊತ್ತಿಗೆ ದೃಶ್ಯ ಮುಗಿದಿತ್ತು.

ಮನೆಗೆ ಬಂದು ಹಳೆಯ ಟೇಪಿನ ಪ್ರತಿ ಹಾಕಿಕೊಂಡು ನೋಡಿದೆ. ಬಟ್ಟೆಯ ಮೇಲೆ ಬಿದ್ದ ಬಿಸಿಲಿನ ಚೌಕದಲ್ಲಿ, ಮಾಸ್ಟರರ ಎಡಗೈ ಹತ್ತಿರ, ಮೂರು ಮಸುಕು ಕಲೆ ಇವೆ. ಮೊದಲು ಲೆನ್ಸಿನ ಧೂಳು ಅಂದುಕೊಂಡಿದ್ದೆ. ಅಲ್ಲ. ಅಮ್ಮ ಸ್ನಾನಕ್ಕೆ ಹೋಗುವಾಗ ಹಣೆಯ ಬೊಟ್ಟು ತೆಗೆದು ಕನ್ನಡಿಗೆ ಅಂಟಿಸುತ್ತಾರೆ. ಅವತ್ತು ಅವಸರದಲ್ಲಿ ಕನ್ನಡಿ ಒರೆಸದೆ ತಂದಿದ್ದೆ. ಅಣ್ಣ ಗಮನಿಸಿಯೂ ತೆಗೆಸಲಿಲ್ಲವಂತೆ, ಅಮ್ಮನೇ ಹೇಳಿದರು.

ಆ ಕನ್ನಡಿ ಈಗಲೂ ನಮ್ಮ ಮನೆಯಲ್ಲಿದೆ, ಬೊಟ್ಟುಗಳೂ ಇವೆ. ಹೊಸದಾಗಿ ಕ್ಯಾಮೆರಾ ಹಿಡಿದವರು ಯಾರಾದರೂ ಬೊಮ್ಮನಹಳ್ಳಿ ಕಡೆ ಬಂದರೆ ಬನ್ನಿ, ತೋರಿಸುತ್ತೇನೆ. ಬರುವ ಮುಂಚೆ 'ಕಾಗಜ್ ಕೆ ಫೂಲ್' ನೋಡಿಕೊಂಡು ಬನ್ನಿ. ಮೊಬೈಲಿನಲ್ಲಿ ಬೇಡ, ಕೋಣೆ ಕತ್ತಲು ಮಾಡಿ, ಸಿಕ್ಕಷ್ಟು ದೊಡ್ಡ ಪರದೆಯ ಮೇಲೆ.